ಮುಗಿಯುವ ರಾಜಿ, ನಿಲ್ಲುವ ರಾಜಿ

ಸಿವಿಲ್ ದಾವೆಯ ರಾಜಿ ಬರಹದಲ್ಲಿರಬೇಕು, ಅದಕ್ಕೆ ಪಕ್ಷಗಾರರ ಸಹಿ ಬೀಳಬೇಕು ಎಂಬ ಕಟ್ಟಳೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 1976ರ ತಿದ್ದುಪಡಿಯಿಂದ ಬಂತು; 1977ರ ಫೆಬ್ರವರಿ 1ರಿಂದ ಜಾರಿಯಾಯಿತು. ಅಲ್ಲಿಂದೀಚೆಗೆ ರಾಜಿಯ ದಾರಿ ಅಗಲವಾಗುತ್ತಲೇ ಇದೆ. 1995ರಲ್ಲಿ ಜಾರಿಗೊಂಡ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆ ಲೋಕ ಅದಾಲತ್ತಿನ ಐತೀರ್ಪಿಗೆ ಡಿಕ್ರಿಯ ಬಲ ಕೊಟ್ಟಿತು. 2002ರ ಜುಲೈಯಿಂದ, ರಾಜಿಯ ಸಾಧ್ಯತೆ ಕಂಡರೆ ವ್ಯಾಜ್ಯವನ್ನು ಸಂಧಾನಕ್ಕೆ ಕಳಿಸುವ ಹೊಣೆ ನ್ಯಾಯಾಲಯದ ಮೇಲೇ ಬಿತ್ತು. 2023ರಲ್ಲಿ ಮಧ್ಯಸ್ಥಿಕೆಗೇ ಪ್ರತ್ಯೇಕ ಕಾಯ್ದೆ ಬಂತು. ಶಿವಮೊಗ್ಗ, ಭದ್ರಾವತಿಯ ನ್ಯಾಯಾಲಯಗಳಲ್ಲೂ ರಾಷ್ಟ್ರೀಯ ಲೋಕ ಅದಾಲತ್ ಈಗ ಎಲ್ಲರಿಗೂ ಗೊತ್ತಿರುವ ಸಂಗತಿ. ಈ ಹೊತ್ತಿನಲ್ಲಿ ಕೇಳಿಕೊಳ್ಳಬೇಕಾದ ಪ್ರಶ್ನೆ ಒಂದೇ: ರಾಜಿಯಾದ ವ್ಯಾಜ್ಯ ನಿಜಕ್ಕೂ ಮುಗಿಯಿತೇ?

ಭದ್ರಾವತಿ ತಿಂಗಳ ಸಂಬಳ ನಂಬಿ ಬೆಳೆದ ಊರು. 2015ರಲ್ಲಿ ಎಂಪಿಎಂ ಕಾಗದ ಕಾರ್ಖಾನೆಯಲ್ಲಿ ಉತ್ಪಾದನೆ ನಿಂತಿತು. 2023ರ ಜನವರಿಯಲ್ಲಿ ವಿಐಎಸ್‌ಎಲ್ ಉಕ್ಕಿನ ಕಾರ್ಖಾನೆ ಮುಚ್ಚುವ ನಿರ್ಧಾರ ಹೊರಬಿತ್ತು. ಸಂಬಳ ನಿಂತ ಮನೆಗೆ ಕೈಸಾಲ ಬೇಕಾಗುತ್ತದೆ. ಸಾಲಕ್ಕೆ ಭದ್ರತೆಯೆಂದು ಮನೆಯ ಕ್ರಯದ ಕರಾರಿಗೇ ಸಹಿ ಹಾಕಿಕೊಡುವವರುಂಟು. ಬಡ್ಡಿ ಬೆಳೆದಾಗ ಸಾಲಗಾರ ಅದು ಬರೀ ಸಾಲ ಎನ್ನುತ್ತಾನೆ, ಹಣ ಕೊಟ್ಟವನು ಕ್ರಯಪತ್ರ ಮಾಡಿಕೊಡಿಸಿ ಎಂದು ದಾವೆ ಹೂಡುತ್ತಾನೆ. ವಿಚಾರಣೆಗೆ ಹೋದರೆ ಒಬ್ಬರಿಗೆ ಮನೆ ಹೋಗುವ ಭಯ, ಇನ್ನೊಬ್ಬರಿಗೆ ಕೊಟ್ಟ ಹಣಕ್ಕೆ ವರ್ಷಗಟ್ಟಲೆ ಅಲೆಯುವ ಸಂಕಟ. ಅಸಲು, ಒಪ್ಪುವ ಬಡ್ಡಿ, ಕಂತು, ಕರಾರಿನ ರದ್ದತಿ ಎಂಬ ನಡುದಾರಿಯನ್ನು ತೆರೆಯುವುದು ರಾಜಿ ಮಾತ್ರ. ಲೋಕ ಅದಾಲತ್ತಿನಲ್ಲಿ ತೀರಿದರೆ ಕಟ್ಟಿದ ನ್ಯಾಯಾಲಯ ಶುಲ್ಕವೂ ವಾಪಸು ಸಿಗುತ್ತದೆ. ಇದು ಸಣ್ಣ ಗಳಿಕೆಯಲ್ಲ.

ಆದರೆ ರಾಜಿಯ ಆಯುಷ್ಯ ನಿಂತಿರುವುದು ರಾಜಿ ಅರ್ಜಿಯ ಷರತ್ತುಗಳ ಮೇಲೆ. ಪ್ರತಿ ಕಂತಿನ ಕೊನೆಯ ದಿನ ಯಾವುದು, ಹಣ ಯಾವ ಖಾತೆಗೆ, ಕಂತು ತಪ್ಪಿದರೆ ಮುಂದೇನು, ಮೂಲ ದಾಖಲೆ ಯಾವಾಗ ವಾಪಸು ಎಂಬುದೆಲ್ಲ ಅಲ್ಲಿರಬೇಕು. ಕರಾರು ನೋಂದಣಿಯಾಗಿದ್ದರೆ ಅದನ್ನು ರದ್ದು ಮಾಡಿಕೊಡಲು ಉಪನೋಂದಣಿ ಕಚೇರಿಗೆ ಯಾರು, ಯಾವ ದಿನದೊಳಗೆ ಬರಬೇಕೆಂದೂ ಬರೆಯಬೇಕು. ಈ ಒಂದು ಸಾಲು ಬಿಟ್ಟುಹೋದರೆ ಸಾಲ ತೀರಿದರೂ ಋಣಭಾರ ಪತ್ರದಲ್ಲಿ ಕರಾರು ಉಳಿಯುತ್ತದೆ. ಬ್ಯಾಂಕು ಸಾಲ ಕೊಡಲು, ಕೊಳ್ಳುವವರು ಮುಂಗಡ ಕೊಡಲು ಹಿಂಜರಿಯುತ್ತಾರೆ. ದಾವೆಯಲ್ಲಿ ಇಲ್ಲದ ಬೇರೆ ಆಸ್ತಿಯನ್ನು ರಾಜಿಗೆ ಸೇರಿಸಿದ್ದರೆ ಡಿಕ್ರಿಯನ್ನು ನೋಂದಣಿ ಮಾಡಿಸಬೇಕೆಂಬುದೂ ಹಲವರಿಗೆ ತಿಳಿಯುವುದು ತಡವಾಗಿ.

ಪಾಲಿನ ದಾವೆಗಳಲ್ಲಿ ಇನ್ನೂ ದೊಡ್ಡ ಲೋಪವಿದೆ. ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೆ ಸಮಪಾಲನ್ನು ಕರ್ನಾಟಕ 1994ರಲ್ಲೇ ಕೊಟ್ಟಿತು, ಆದರೆ ಅದಕ್ಕೂ ಮೊದಲು ಮದುವೆಯಾದವರನ್ನು ಹೊರಗಿಟ್ಟಿತ್ತು. 2005ರ ಕೇಂದ್ರ ತಿದ್ದುಪಡಿ ಆ ಗೆರೆ ಅಳಿಸಿತು. ತಂದೆ 2005ಕ್ಕೆ ಮೊದಲೇ ತೀರಿದ್ದರೂ ಮಗಳ ಹಕ್ಕು ಉಳಿಯುತ್ತದೆಂದು 2020ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆದರೂ ಅಣ್ಣತಮ್ಮಂದಿರಷ್ಟೇ ಕೂತು ಹಂಚಿಕೊಳ್ಳುವ ರೂಢಿ ಹೋಗಿಲ್ಲ. ಪಕ್ಷಗಾರರಾಗದ, ಸಹಿ ಹಾಕದ ಅಕ್ಕತಂಗಿಯರನ್ನು ಅಂಥ ರಾಜಿ ಕಟ್ಟಿಹಾಕದು. ನಾಳೆ ಹೊಸ ದಾವೆ ಖಂಡಿತ. ಅಪ್ರಾಪ್ತರ ಪರವಾಗಿ ರಾಜಿಯಾಗುವಾಗಲೂ ನ್ಯಾಯಾಲಯದ ಅನುಮತಿ ಬೇಕೇ ಬೇಕು.

ಒಮ್ಮೆ ರಾಜಿ ಡಿಕ್ರಿಯಾದರೆ ಮೇಲ್ಮನವಿ ಇಲ್ಲ. ರಾಜಿ ಕಾನೂನುಬದ್ಧವಲ್ಲವೆಂದು ಹೊಸ ದಾವೆಯನ್ನೂ ಹೂಡುವಂತಿಲ್ಲ. ಡಿಕ್ರಿ ಕೊಟ್ಟ ನ್ಯಾಯಾಲಯದ ಮುಂದೆಯೇ ಹೋಗಬೇಕು. ಇಷ್ಟು ಗಟ್ಟಿಯಾದ ಕಾಗದಕ್ಕೆ ಅದಾಲತ್ತಿನ ನೂಕುನುಗ್ಗಲಲ್ಲಿ ಸಹಿ ಹಾಕಿಸುವುದು ಸಲ್ಲದು. ಇಂಗ್ಲಿಷಿನಲ್ಲಿ ಟೈಪಾದ ಷರತ್ತುಗಳನ್ನು ಪಕ್ಷಗಾರರಿಗೆ ಕನ್ನಡದಲ್ಲಿ ಓದಿ ಹೇಳಿ, ಅವರ ಬಾಯಿಂದಲೇ ಒಪ್ಪಿಗೆ ಕೇಳಬೇಕು. ಸಾಧ್ಯವಾದಲ್ಲೆಲ್ಲ ಅರ್ಜಿಯೇ ಕನ್ನಡದಲ್ಲಿರಬೇಕು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಇತ್ಯರ್ಥವಾದ ಪ್ರಕರಣಗಳ ಸಂಖ್ಯೆಯ ಪಕ್ಕದಲ್ಲಿ, ಅವುಗಳಲ್ಲಿ ಎಷ್ಟು ಅಮಲ್ಜಾರಿ ಅರ್ಜಿಯಾಗಿ ಮರಳಿ ಬಂದವು ಎಂಬುದನ್ನೂ ಪ್ರಕಟಿಸಲಿ. ಕಡತ ಮುಚ್ಚಿದ್ದಕ್ಕೆ ಸಂತೋಷಪಟ್ಟದ್ದು ಸಾಕು. ಮಾತಿನಂತೆ ನಡೆದ ರಾಜಿಗಳನ್ನು ಎಣಿಸುವ ಕೆಲಸ ಇನ್ನಾದರೂ ಆರಂಭವಾಗಬೇಕು.