ಅಲೆಮಾರಿ, ಬದವಿ, ಅಅ್‌ರಾಬ್: ಪದಗಳ ವಿಷಯದಲ್ಲಿ ಸ್ವಲ್ಪ ಎಚ್ಚರ

ಹಿಂಗಾರಿನ ಕಟಾವು ಮುಗಿದು ಮುಂಡರಗಿ, ಶಿರಹಟ್ಟಿಯ ಎರೆಹೊಲಗಳು ಬರಿದಾದಾಗ ಕುರಿಗಾಹಿಗಳು ಹಿಂಡಿನೊಂದಿಗೆ ಬಂದಿಳಿಯುತ್ತಾರೆ. ಕುರಿಗಳನ್ನು ರಾತ್ರಿ ತಮ್ಮ ಹೊಲದಲ್ಲಿ ತಂಗಿಸಬೇಕೆಂದು ರೈತರೇ ಅವರನ್ನು ಕೇಳಿಕೊಳ್ಳುತ್ತಾರೆ. ಆ ಗೊಬ್ಬರಕ್ಕೆ ಕಾಳನ್ನೋ ಹಣವನ್ನೋ ಕೊಡುತ್ತಾರೆ. ಯಾವ ತಿಂಗಳಲ್ಲಿ ಎಲ್ಲಿ ಮೇವು, ಯಾವ ಹಳ್ಳದಲ್ಲಿ ನೀರು ಎಂಬುದು ಅವರಿಗೆ ಕರಗತ. ಆದರೂ ಅವರನ್ನು ನಾವು ಕರೆಯುವುದು 'ಅಲೆಮಾರಿ' ಎಂದು. ಗುರಿಯಿಲ್ಲದೆ ತಿರುಗುವವನಿಗೂ ಅದೇ ಪದ.

ಗದಗ-ಬೆಟಗೇರಿಯಿಂದ ಲಕ್ಷ್ಮೇಶ್ವರದವರೆಗೆ ನಮ್ಮ ಭಾಷಣಗಳಲ್ಲಿ ಅರೇಬಿಯಾದ ಪ್ರಾಚೀನರಿಗೂ ಇದೇ ಗತಿ. ಇಸ್ಲಾಮಿಗೆ ಮೊದಲು ಅಲ್ಲಿದ್ದವರು ಅನಾಗರಿಕ ಬದವಿಗಳು ಎಂದು ಹೇಳಿ ಸಾವಿರಾರು ವರ್ಷಗಳನ್ನು ಒಂದೇ ವಾಕ್ಯದಲ್ಲಿ ಮುಗಿಸುತ್ತೇವೆ. ಇದು ಇತಿಹಾಸಕ್ಕೆ ಸಲ್ಲದು. ಕುರ್‌ಆನಿಗೂ ಸಲ್ಲದು ಎಂಬುದು ನನ್ನ ಅಭಿಪ್ರಾಯ.

ಹಾಯಿಲ್ ಪ್ರಾಂತ್ಯದ ಜುಬ್ಬಾ ಮತ್ತು ಶುವೈಮಿಸ್‌ನ ಬಂಡೆಗಳ ಮೇಲೆ ದನಗಳನ್ನೂ ಬೇಟೆನಾಯಿಗಳನ್ನೂ ಕೊರೆಯಲಾಗಿದೆ. 2015ರಲ್ಲಿ ಯುನೆಸ್ಕೊ ಇವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಇಂದಿನ ಮರಳುಗಾಡಿನಲ್ಲಿ ಅಂದು ಮಳೆಯೂ ಹುಲ್ಲೂ ಇದ್ದವು. ವಾಯವ್ಯ ಅರೇಬಿಯಾದಲ್ಲಿ ಸುಮಾರು 7,000 ವರ್ಷಗಳ ಹಿಂದಿನ, ಉದ್ದನೆಯ ಆಯತಾಕಾರದ ಕಲ್ಲಿನ ರಚನೆಗಳು ಸಾವಿರಕ್ಕೂ ಹೆಚ್ಚಿವೆ. ಊರು ಕಟ್ಟಿ ನೆಲೆಸದ ಪಶುಪಾಲಕರು ಸೇರಿ ದುಡಿದು ನಿಲ್ಲಿಸಿದವು ಅವು. ಒಂಟೆಯನ್ನು ಪಳಗಿಸಿದ್ದು ಅದಕ್ಕೆ ಎಷ್ಟೋ ಕಾಲದ ನಂತರ, ಈಗಿನಿಂದ ಸುಮಾರು 3,000 ವರ್ಷಗಳ ಹಿಂದೆ. 'ಅರಬ' ಎಂಬ ಹೆಸರು ಬರಹದಲ್ಲಿ ಮೊದಲು ಕಾಣುವುದೂ ಕ್ರಿ.ಪೂ. 853ರ ಯುದ್ಧವನ್ನು ವರ್ಣಿಸುವ ಅಸ್ಸೀರಿಯಾದ ಶಾಸನದಲ್ಲಿ: ಸಾವಿರ ಒಂಟೆಗಳೊಡನೆ ಬಂದ ಗಿಂದಿಬು ಎಂಬವನ ಹೆಸರಿನೊಂದಿಗೆ. ಒಂಟೆಯ ಮೇಲಿನ ಬದವಿಯ ಚಿತ್ರವನ್ನು ಆ ದನಗಾಹಿಗಳಿಗೆ ಅಂಟಿಸುವುದು ಹೇಗೆ ಸರಿಯಾದೀತು?

ನಮ್ಮ ನೆಲದಲ್ಲೂ ಹೀಗೆ ಹೆಸರು ಅದಲುಬದಲಾದದ್ದುಂಟು. ತುಂಗಭದ್ರೆಯ ಕೆಳಹರಿವಿನಲ್ಲಿ, ಹಂಪಿಯ ಸಮೀಪದ ನಿಂಬಾಪುರದ ಬೂದಿದಿಬ್ಬವನ್ನು ಜನ ವಾಲಿಯ ಚಿತಾಭಸ್ಮವೆಂದರು. ಇಂಥ ದಿಬ್ಬಗಳು ನವಶಿಲಾಯುಗದ ದನದ ದೊಡ್ಡಿಗಳಲ್ಲಿ ಸುಟ್ಟ ಸಗಣಿಯ ರಾಶಿಗಳೆಂಬುದು ಉತ್ನೂರಿನಲ್ಲಿ ಆಲ್ಚಿನ್ ನಡೆಸಿದ ಉತ್ಖನನದಿಂದ ದೃಢವಾಯಿತು. ರಾಜರ ಕಥೆಗೆ ಸಿಕ್ಕ ಜಾಗ ದನಗಾಹಿಗೆ ಸಿಕ್ಕಿರಲಿಲ್ಲ.

ಇನ್ನು ಕುರ್‌ಆನಿನ ಮಾತು. 'ಅರಬ್' ಬೇರೆ, 'ಅಅ್‌ರಾಬ್' ಬೇರೆ. ಎರಡನೆಯದು ಜನಾಂಗದ ಹೆಸರಲ್ಲ, ಮರುಭೂಮಿಯಲ್ಲಿ ವಾಸಿಸುವವರನ್ನು ಸೂಚಿಸುವ ಪದ. ಅತ್ತೌಬಾ ಅಧ್ಯಾಯದ 97ನೆಯ ಸೂಕ್ತ ಅವರ ಸತ್ಯನಿಷೇಧ ಮತ್ತು ಕಪಟವನ್ನು ಕಟುವಾಗಿ ಟೀಕಿಸುತ್ತದೆ. ಅದನ್ನು ಉದ್ಧರಿಸುವವರು ಬಹಳ ಮಂದಿ. ಎರಡೇ ಸೂಕ್ತಗಳ ನಂತರ, 99ರಲ್ಲಿ, ಅದೇ ಅಅ್‌ರಾಬ್‌ಗಳಲ್ಲಿ ಅಲ್ಲಾಹನಲ್ಲಿಯೂ ಅಂತ್ಯದಿನದಲ್ಲಿಯೂ ವಿಶ್ವಾಸವಿಟ್ಟವರನ್ನು ಪ್ರಶಂಸಿಸಲಾಗಿದೆ. ಖಂಡನೆ ನಡತೆಗೆ, ಡೇರೆಗಲ್ಲ. 'ಜಾಹಿಲಿಯ್ಯ' ಕೂಡ ನೈತಿಕ ಸ್ಥಿತಿಯ ಹೆಸರೇ ಹೊರತು ಕಸುಬು ತಿಳಿಯದವರ ಹೆಸರಲ್ಲ.

ಪ್ರವಾದಿವರ್ಯರು(ಸ) ಶೈಶವವನ್ನು ಕಳೆದದ್ದು ಬನೂ ಸಅದ್ ಗೋತ್ರದ ಹಲೀಮಾರ ಮಡಿಲಲ್ಲಿ, ಮರುಭೂಮಿಯಲ್ಲಿ. ಮಕ್ಕಾದವರ ಕುರಿಗಳನ್ನು ಕೂಲಿಗೆ ಕಾದದ್ದನ್ನು ಅವರೇ ಹೇಳಿಕೊಂಡಿರುವುದು ಬುಖಾರಿಯಲ್ಲಿದೆ. ಮದ್ರಸಗಳಲ್ಲಿ 97ನೆಯ ಸೂಕ್ತವನ್ನು ಕಲಿಸುವ ಉಸ್ತಾದರು 99ನೆಯದನ್ನೂ ಅದೇ ದಿನ ಕಲಿಸಲಿ ಎಂದಷ್ಟೇ ನನ್ನ ವಿನಂತಿ.