ಮೇಲ್ಮನವಿಯೋ, ರಿಟ್ ಅರ್ಜಿಯೋ?

ಶೇಂದ್ರಾ ಕೈಗಾರಿಕಾ ಪ್ರದೇಶದಲ್ಲಿ ಜಮೀನಿನ ದಾವೆ ಸೋತವರಿಗೆ ಬಾಂಬೆ ಹೈಕೋರ್ಟಿನ ಔರಂಗಾಬಾದ್ ಪೀಠ ಸಮೀಪದಲ್ಲೇ ಇದೆ. ನೇರವಾಗಿ ರಿಟ್ ಅರ್ಜಿ ಹಾಕಿದರೆ ಬೇಗ ನ್ಯಾಯ ದೊರಕೀತೆಂಬ ಆಸೆ ಸಹಜ. ಆದರೆ ಯಾವ ಮಾರ್ಗ ಹಿಡಿಯಬೇಕೆಂಬುದನ್ನು ಆದೇಶದ ಸ್ವರೂಪವೇ ನಿರ್ಧರಿಸುತ್ತದೆ ಎಂಬುದನ್ನು ನಾವು ಮರೆಯಬಾರದು.

ದಾವೆಯಲ್ಲಿ ಡಿಕ್ರಿಯಾಗಿದ್ದರೆ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 96ನೇ ಕಲಮಿನನ್ವಯ ಮೇಲ್ಮನವಿ ಸಲ್ಲಿಸಬೇಕು. ತಾತ್ಕಾಲಿಕ ತಡೆಯಾಜ್ಞೆಯ ಆದೇಶಕ್ಕೂ ಮೇಲ್ಮನವಿಯೇ ದಾರಿ. ಅಲ್ಲಿ ಸಾಕ್ಷ್ಯಾಧಾರಗಳ ಮರುಪರಿಶೀಲನೆ ಸಾಧ್ಯ. ದಾವಾಪತ್ರದ ತಿದ್ದುಪಡಿಯನ್ನು ನಿರಾಕರಿಸುವಂತಹ, ಮೇಲ್ಮನವಿಗೆ ಅವಕಾಶವಿಲ್ಲದ ಆದೇಶಗಳಿಗೆ ಸಂವಿಧಾನದ 227ನೇ ವಿಧಿಯ ಮೇಲ್ವಿಚಾರಣಾಧಿಕಾರ ಉಳಿಯುತ್ತದೆ. ಅಲ್ಲಿ ಹೈಕೋರ್ಟು ಮುಖ್ಯವಾಗಿ ನೋಡುವುದು, ಕೆಳ ನ್ಯಾಯಾಲಯ ತನ್ನ ಅಧಿಕಾರದ ಎಲ್ಲೆ ಮೀರಿತೇ ಎಂಬುದನ್ನು. ಸಿವಿಲ್ ನ್ಯಾಯಾಲಯದ ನ್ಯಾಯಿಕ ಆದೇಶಗಳನ್ನು 226ನೇ ವಿಧಿಯ ರಿಟ್‌ನಿಂದ ಪ್ರಶ್ನಿಸಲಾಗದೆಂದು ಸುಪ್ರೀಂ ಕೋರ್ಟು 2015ರ ರಾಧೇಶ್ಯಾಮ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ.

ಡಿಕ್ರಿಯ ವಿರುದ್ಧ ಮೇಲ್ಮನವಿಗೆ ಹೈಕೋರ್ಟಿನಲ್ಲಿ 90 ದಿನ, ಜಿಲ್ಲಾ ನ್ಯಾಯಾಲಯದಲ್ಲಿ 30 ದಿನಗಳ ಕಾಲಮಿತಿಯಿದೆ. ತಪ್ಪು ಬಾಗಿಲು ತಟ್ಟುತ್ತ ಈ ಅವಧಿ ಕಳೆದುಹೋದರೆ ವಿಳಂಬಕ್ಕೆ ಸಕಾರಣ ತೋರಿಸಬೇಕು. ಅದನ್ನು ಮನ್ನಿಸುವುದು ನ್ಯಾಯಾಲಯದ ವಿವೇಚನೆಗೆ ಬಿಟ್ಟದ್ದು. ಆದುದರಿಂದ ಆದೇಶದ ದೃಢೀಕೃತ ನಕಲಿಗೆ ಕೂಡಲೇ ಅರ್ಜಿ ಸಲ್ಲಿಸಿ, ಇದಕ್ಕೆ ಮೇಲ್ಮನವಿಯುಂಟೇ ಎಂದು ವಕೀಲರನ್ನು ಮೊದಲು ಕೇಳೋಣ.