ಪಂದ್ಯಕ್ಕೆ ಬಂದ ಪ್ರಲಾಪ

ದುಃಖಕ್ಕೆ ಅಂಕ ಹಾಕುವುದುಂಟೆ? ಶಾಲೆಯ ಮೇಷ್ಟರು ಲೆಕ್ಕಕ್ಕೆ ಅಂಕ ಹಾಕುತ್ತಾರೆ. ಸಂಗೀತದ ಪಂದ್ಯದಲ್ಲಿ ಹಿರಿಯರು ಕಂಠಕ್ಕೂ ತಾಳಕ್ಕೂ ಅಂಕ ಹಾಕುತ್ತಾರೆ. ಆದರೆ ಮನೆಮಠಗಳನ್ನು ಕಳೆದುಕೊಂಡವರ ಗೋಳನ್ನು ಒಬ್ಬ ಹೆಂಗಸು ನಿಂತು ಹಾಡಿದರೆ ಅದಕ್ಕೆ ಎಷ್ಟು ಕೊಡಬೇಕು? ೧೯೭೬ನೆಯ ಇಸವಿ ಏಪ್ರಿಲ್ ೩ರ ರಾತ್ರಿ ಹಾಲೆಂಡಿನ ಹೇಗ್ ನಗರದಲ್ಲಿ ನಡೆದ ಗೀತಸ್ಪರ್ಧೆಯಲ್ಲಿ ತೀರ್ಪುಗಾರರಿಗೆ ಈ ಪೇಚು ಒದಗಿತು.

ಯೂರೋವಿಷನ್ ಎಂಬ ಈ ಸ್ಪರ್ಧೆಯ ಹೆಸರನ್ನು ವಾಚಕರಲ್ಲಿ ಅನೇಕರು ಕೇಳಿರಬಹುದು. ೧೯೫೬ರಲ್ಲಿ ಸ್ವಿಟ್ಜರ್ಲೆಂಡಿನ ಲುಗಾನೋ ಎಂಬ ಊರಿನಲ್ಲಿ ಏಳು ದೇಶಗಳು ಕೂಡಿ ಇದನ್ನು ಆರಂಭಿಸಿದವು. ಅವುಗಳಲ್ಲಿ ಕೆಲವು, ಕೇವಲ ಹನ್ನೊಂದು ವರ್ಷಗಳ ಹಿಂದೆ ಪರಸ್ಪರ ಊರುಗಳ ಮೇಲೆ ಗುಂಡಿನ ಮಳೆ ಸುರಿಸಿದ್ದಂಥವು. ನಿಯಮಗಳು ಸರಳ. ದೇಶಕ್ಕೊಂದು ಹಾಡು, ಮೂರು ನಿಮಿಷಗಳಿಗೆ ಮೀರಕೂಡದು, ತನ್ನ ಹಾಡಿಗೆ ತಾನೇ ಅಂಕ ಕೊಟ್ಟುಕೊಳ್ಳುವಂತಿಲ್ಲ. ೧೯೭೫ರಿಂದ, ಪ್ರತಿಯೊಂದು ದೇಶವೂ ತನಗೆ ಮೆಚ್ಚಿದ ಹಾಡಿಗೆ ೧೨, ಎರಡನೆಯದಕ್ಕೆ ೧೦, ಆಮೇಲೆ ೮ರಿಂದ ೧ರವರೆಗೆ ಇಳಿಯುತ್ತ ಹತ್ತು ಹಾಡುಗಳಿಗೆ ಅಂಕ ಹಂಚುವ ಪದ್ಧತಿ ಬಂದಿತು.

ಗ್ರೀಸು ದೇಶವು ಮೊದಲು ಈ ಪಂದ್ಯಕ್ಕೆ ಬಂದದ್ದು ೧೯೭೪ರ ಏಪ್ರಿಲಿನಲ್ಲಿ, ಇಂಗ್ಲೆಂಡಿನ ಬ್ರೈಟನ್ನಿನಲ್ಲಿ. ಅಂದು ಮರಿನೆಲ್ಲಾ ಎಂಬ ಪ್ರಸಿದ್ಧ ಗಾಯಕಿ ಹಾಡಿದ ಹಾಡಿನ ಹೆಸರಿನಲ್ಲಿಯೇ ಮದ್ಯವೂ ಕಡಲೂ ಪ್ರಿಯಕರನೂ ಇದ್ದರು. ಆಗ ಗ್ರೀಸಿನಲ್ಲಿದ್ದುದು ೧೯೬೭ರಲ್ಲಿ ಅಧಿಕಾರವನ್ನು ಕಿತ್ತುಕೊಂಡ ಸೇನಾಧಿಕಾರಿಗಳ ಆಳ್ವಿಕೆ. ಮೂರು ತಿಂಗಳು ಕಳೆಯುವಷ್ಟರಲ್ಲಿ ಕಡಲಿನ ಬಣ್ಣವೇ ಬೇರೆಯಾಯಿತು. ಜುಲೈ ೧೫ರಂದು ಆ ಅಧಿಕಾರಿಗಳ ಕುಮ್ಮಕ್ಕಿನಿಂದ ಸೈಪ್ರಸ್ ದ್ವೀಪದಲ್ಲಿ ಅಧ್ಯಕ್ಷ ಮಕಾರಿಯೋಸರನ್ನು ಪದಚ್ಯುತಗೊಳಿಸುವ ಕ್ರಾಂತಿ ನಡೆಯಿತು. ಅಲ್ಲಿನ ತುರ್ಕರನ್ನು ರಕ್ಷಿಸುವುದಾಗಿ ಹೇಳಿ ಜುಲೈ ೨೦ರಂದು ತುರ್ಕಿಯ ಸೈನ್ಯ ದಡಕ್ಕಿಳಿಯಿತು. ನಾಲ್ಕೈದು ದಿನಗಳಲ್ಲಿ ಅಥೆನ್ಸಿನ ಸೇನಾಧಿಪತ್ಯವೂ ಕುಸಿದುಬಿದ್ದಿತು. ಆದರೆ ಯುದ್ಧ ನಿಲ್ಲಲಿಲ್ಲ. ಆಗಸ್ಟಿನಲ್ಲಿ ಎರಡನೆಯ ದಂಡಯಾತ್ರೆ ನಡೆದು ದ್ವೀಪದ ಮೂರರಲ್ಲೊಂದು ಪಾಲಿಗೂ ಹೆಚ್ಚು ನೆಲ ತುರ್ಕಿ ಸೈನ್ಯದ ವಶವಾಯಿತು. ಉತ್ತರದಲ್ಲಿದ್ದ ಲಕ್ಷಾಂತರ ಗ್ರೀಕರು ಉಟ್ಟ ಬಟ್ಟೆಯಲ್ಲಿ ದಕ್ಷಿಣಕ್ಕೆ ಓಡಿದರು. ದಕ್ಷಿಣದ ಹತ್ತಾರು ಸಾವಿರ ತುರ್ಕರು ಉತ್ತರಕ್ಕೆ ಹೋದರು.

ಸೈಪ್ರಸ್ಸೆಂದರೆ ನಮಗೆ ತೀರ ಹೊರಗಿನ ಮಾತೇನೂ ಅಲ್ಲ. ಕೊಡಗಿನ ಮಡಿಕೇರಿಯಲ್ಲಿ ಹುಟ್ಟಿ ಭಾರತದ ಭೂಸೇನೆಯ ಮುಖ್ಯಸ್ಥರಾಗಿದ್ದ ಜನರಲ್ ತಿಮ್ಮಯ್ಯನವರು ೧೯೬೪ರಿಂದ ಅಲ್ಲಿ ವಿಶ್ವಸಂಸ್ಥೆಯ ಶಾಂತಿಪಡೆಯ ದಂಡನಾಯಕರಾಗಿದ್ದರು. ಎರಡು ಕೋಮುಗಳೂ ಕೈಕೈ ಮಿಲಾಯಿಸದಂತೆ ನಡುವೆ ನಿಲ್ಲುವುದೇ ಆ ಪಡೆಯ ಕೆಲಸ. ೧೯೬೫ರ ಡಿಸೆಂಬರ್ ೧೮ರಂದು ಅವರು ಆ ದ್ವೀಪದಲ್ಲಿಯೇ ತೀರಿಕೊಂಡರು. ಮರುವರ್ಷ ಸೈಪ್ರಸ್ ಸರಕಾರವು ಅವರ ಚಿತ್ರವುಳ್ಳ ಅಂಚೆಚೀಟಿಯನ್ನು ಹೊರಡಿಸಿತು. ಅವರು ಕಾಲವಾದ ಒಂಬತ್ತು ವರ್ಷಗಳೊಳಗೇ ಈ ಅನಾಹುತ ನಡೆದುಹೋಯಿತು.

ಇನ್ನು ಹಾಡಿನ ವೃತ್ತಾಂತ. ೧೯೭೫ರಲ್ಲಿ ತುರ್ಕಿ ಮೊದಲ ಬಾರಿಗೆ ಪಂದ್ಯಕ್ಕೆ ಬಂದಿತು, ಗ್ರೀಸು ಬರಲಿಲ್ಲ. ೧೯೭೬ರಲ್ಲಿ ಗ್ರೀಸು ಬಂದಿತು, ತುರ್ಕಿ ಬರಲಿಲ್ಲ. ಗ್ರೀಸು ಕಳುಹಿಸಿದವಳು ಮರೀಜಾ ಕೋಖ್. ಜ್ವಾಲಾಮುಖಿಯ ಬಾಯಿಯ ಸುತ್ತ ಹಬ್ಬಿರುವ ಸಾಂತೊರೀನಿ ದ್ವೀಪದಲ್ಲಿ ಬೆಳೆದು, ದ್ವೀಪಗಳ ಜನಪದ ಗೀತೆಗಳನ್ನು ಹೊಸ ವಾದ್ಯಗಳೊಡನೆ ಹಾಡಿ ಹೆಸರು ಪಡೆದಿದ್ದವಳು. ರಾಗ ಆಕೆಯದೇ, ಸಾಹಿತ್ಯ ಮಿಖಾಲಿಸ್ ಫೋತಿಯಾದಿಸ್ ಎಂಬುವರದು. ಹಾಡಿನ ಹೆಸರು ‘ಪನಯಿಯಾ ಮು, ಪನಯಿಯಾ ಮು’. ಪನಯಿಯಾ ಎಂದರೆ ಪರಮಪವಿತ್ರೆ, ಯೇಸುವಿನ ತಾಯಿಯಾದ ಮರಿಯಮ್ಮ. ಸಂಕಟ ಬಂದಾಗ ನಮ್ಮವರ ಬಾಯಲ್ಲಿ ‘ಅಯ್ಯೋ ತಾಯೇ’ ಎಂಬ ಮಾತು ಬರುವಂತೆ ಗ್ರೀಕರ ಬಾಯಲ್ಲಿ ಈ ಹೆಸರು ಬರುತ್ತದೆ.

ಹಾಡು ನೋಡುವುದಕ್ಕೆ ಯಾತ್ರಿಕನಿಗೆ ದಾರಿ ತೋರಿಸುವಂತಿದೆ. ಕಿತ್ತಳೆಯ ತೋಟವೂ ಬೆಳಗುವ ಕಡಲತೀರವೂ ಮೊದಲು ಕಣ್ಣಿಗೆ ಬೀಳುತ್ತವೆ. ಅನಂತರ ಡೇರೆಗಳ ಸಾಲು, ಕುಸಿದ ಗೋಡೆ, ಹೊಸದಾಗಿ ಅಗೆದ ಮಣ್ಣು. ಡೇರೆಗಳು ವಿಹಾರಕ್ಕೆ ಬಂದವರವೆಂದೂ, ಗೋಡೆಗಳು ಪುರಾತನ ಕಾಲದವೆಂದೂ, ಮಣ್ಣು ಬಿತ್ತನೆಗೆ ಹದಮಾಡಿದ್ದೆಂದೂ ದಾರಿಹೋಕನು ತಿಳಿದಾನೆಂದು ಎಚ್ಚರಿಸಿ, ಒಂದೊಂದೂ ನಿಜವಾಗಿ ಏನೆಂಬುದನ್ನು ಹೇಳಲಾಗಿದೆ. ಗ್ರೀಸು ದೇಶವೆಂದರೆ ಹಾಳು ಗುಡಿಗಳನ್ನು ನೋಡಲು ಹೋಗುವ ನಾಡೆಂದು ತಿಳಿದ ಯೂರೋಪಿನವರಿಗೆ ಇದಕ್ಕಿಂತ ಚುರುಕಾದ ಮಾತು ಬೇರೊಂದಿಲ್ಲ. ಗ್ರೀಕ್ ಹೆಂಗಸರಲ್ಲಿ ಸತ್ತವರ ಮುಂದೆ ಕುಳಿತು ಹಾಡಿ ಅಳುವ ಪದ್ಧತಿ ಬಹು ಪ್ರಾಚೀನವಾದದ್ದು. ಅದರ ಧ್ವನಿ ಈ ಹಾಡಿನಲ್ಲಿ ಇಳಿದುಬಂದಿದೆ. ಬಣ್ಣಬಣ್ಣದ ಉಡುಪುಗಳ ಆ ರಂಗಸ್ಥಳಕ್ಕೆ ಆಕೆ ಬಂದದ್ದೂ ಕಪ್ಪು ಉಡುಪಿನಲ್ಲಿಯೇ. ಆ ವರ್ಷ ಯಾವ ಭಾಷೆಯಲ್ಲಿ ಬೇಕಾದರೂ ಹಾಡಬಹುದಾಗಿತ್ತು. ಇಂಗ್ಲಿಷಿನಲ್ಲಿ ಹಾಡಿದ್ದರೆ ಅರ್ಥವಾದರೂ ಆಗುತ್ತಿತ್ತು. ಆಕೆ ಗ್ರೀಕಿನಲ್ಲಿಯೇ ಹಾಡಿದಳು. ಅದು ಸರಿಯೆಂದೇ ನನ್ನ ಅಭಿಪ್ರಾಯ. ತಾಯಿಯನ್ನು ಕೂಗಿ ಕರೆಯುವ ಮಾತನ್ನು ಪರಭಾಷೆಗೆ ತಿರುಗಿಸಿದರೆ ಉಳಿಯುವುದು ವರ್ತಮಾನಪತ್ರಿಕೆಯ ಸುದ್ದಿಯಷ್ಟೆ.

ಪಂದ್ಯಕ್ಕೆ ಬಾರದಿದ್ದರೂ ತುರ್ಕಿಯವರು ಅದನ್ನು ತಮ್ಮ ಟೆಲಿವಿಷನ್ನಿನಲ್ಲಿ ತೋರಿಸಿದರು. ಗ್ರೀಸಿನ ಸರದಿ ಬಂದಾಗ ಮಾತ್ರ ಆ ಹಾಡನ್ನು ತಡೆದು, ಅದರ ಜಾಗದಲ್ಲಿ ತಮ್ಮ ದೇಶಭಕ್ತಿಗೀತೆಯೊಂದನ್ನು ಹಾಕಿದರು. ‘ನನ್ನ ನಾಡು’ ಎಂಬ ಅರ್ಥದ ಆ ಗೀತೆಯು ೧೯೭೪ರ ಯುದ್ಧಕಾಲದಲ್ಲಿ ಅಲ್ಲಿ ಮನೆಮನೆಯ ಮಾತಾಗಿತ್ತು. ಒಂದು ಸೋಜಿಗವನ್ನು ಹೇಳದೆ ಮುಂದೆ ಹೋಗಲಾರೆ: ಆ ‘ನನ್ನ ನಾಡು’ ಗೀತೆಯ ಮಟ್ಟು ತುರ್ಕಿಯದಲ್ಲ, ಪೂರ್ವ ಯೂರೋಪಿನ ಯೆಹೂದ್ಯರ ಹಾಡೊಂದರಿಂದ ಬಂದದ್ದು. ರಾಗಗಳಿಗೆ ಗಡಿಯ ಪಹರೆ ಇರುವುದಿಲ್ಲ.

ಅಂಕಗಳು ಬಂದವು. ಗ್ರೀಸಿಗೆ ೨೦, ಹದಿನೆಂಟರಲ್ಲಿ ಹದಿಮೂರನೆಯ ಸ್ಥಾನ. ಗೆದ್ದದ್ದು ಇಂಗ್ಲೆಂಡಿನ ತಂಡ, ೧೬೪ ಅಂಕಗಳೊಡನೆ. ಬೆಳಗ್ಗೆ ಕೆಲಸಕ್ಕೆ ಹೊರಟವನು ಮನೆಯಲ್ಲಿರುವ ಮುದ್ದಿನ ಜೀವವನ್ನು ಬಿಟ್ಟು ಹೋಗಲಾರದೆ ಹಾಡುವ ಹಾಡು ಅದು; ಆ ಜೀವ ಮೂರು ವರ್ಷದ ಮಗುವೆಂಬುದು ಕೊನೆಯಲ್ಲಿ ತಿಳಿಯುತ್ತದೆ. ಅದನ್ನು ಹಗುರವಾದ ಹಾಡೆಂದು ಮೂಗುಮುರಿಯುವವರ ಜೊತೆಗೆ ನಾನು ಸೇರಲಾರೆ. ಸಂಜೆಗೆ ಮನೆಗೆ ಮರಳುವೆನೆಂಬ ನಂಬಿಕೆಯುಳ್ಳವನ ಹಾಡು ಅದು; ಮರಳಲು ಮನೆಯೇ ಇಲ್ಲದವರ ಹಾಡು ಇನ್ನೊಂದು. ಒಂದೇ ರಾತ್ರಿ, ಒಂದೇ ರಂಗಸ್ಥಳದಲ್ಲಿ, ಒಂದೇ ತಕ್ಕಡಿಯಲ್ಲಿ ಎರಡನ್ನೂ ತೂಗಿದರು.

ಆದರೆ ಪಕ್ಷಪಾತವಿಲ್ಲದೆ ಹೇಳುವುದಾದರೆ, ಮರೀಜಾ ಕೋಖಳ ಹಾಡು ಕಂಡದ್ದು ಒಂದೇ ಕಡೆಯ ಕಣ್ಣೀರನ್ನು. ೧೯೬೩-೬೪ರ ಗಲಭೆಗಳಲ್ಲಿ ಹಳ್ಳಿಗಳನ್ನು ತೊರೆದು ಇಕ್ಕಟ್ಟಾದ ಕೇರಿಗಳಲ್ಲಿ ಹತ್ತು ವರ್ಷ ಕಳೆದ ಸೈಪ್ರಸ್ಸಿನ ತುರ್ಕರು ಅದರಲ್ಲಿಲ್ಲ. ಎರಡು ಕಾಲದ ಹಿಂಸೆಯಲ್ಲಿಯೂ ಕಾಣೆಯಾದವರನ್ನು ಹುಡುಕುವ ಉಭಯ ಕೋಮುಗಳ ಸಮಿತಿಯ ಪಟ್ಟಿಯಲ್ಲಿ ೧,೫೧೦ ಮಂದಿ ಗ್ರೀಕರೂ ೪೯೨ ಮಂದಿ ತುರ್ಕರೂ ಇದ್ದಾರೆ. ತುರ್ಕಿಯ ಮನೆಗಳಲ್ಲಿ ಕುಳಿತವರಿಗೆ ಆ ಹಾಡು ತಮ್ಮ ಮೇಲಿನ ದೂರಿನಂತೆ ಕೇಳಿಸುತ್ತಿತ್ತೆಂಬುದರಲ್ಲಿ ಸಂದೇಹವಿಲ್ಲ. ಹಾಗೆಂದು ಅಳುವವಳಿಗೆ, ನೆರೆಮನೆಯವಳ ಪಾಲನ್ನೂ ಸೇರಿಸಿ ಅಳು ಎಂದು ಹೇಳುವುದು ಸಾಧ್ಯವೆ? ತಡೆದವರ ಕಾರಣ ನನಗೆ ತಿಳಿಯುತ್ತದೆ. ತಡೆದದ್ದನ್ನು ಮಾತ್ರ ಒಪ್ಪಲಾರೆ. ಕೇಳಿದ ಮೇಲೆ ಸಿಟ್ಟಾಗುವ ಹಕ್ಕನ್ನೂ ತಮ್ಮ ಜನರಿಂದ ಕಿತ್ತುಕೊಂಡಂತಾಯಿತು.

ಮುಂದೆ ೧೯೯೯ರಲ್ಲಿ ಆಗಸ್ಟಿನಲ್ಲಿ ತುರ್ಕಿಯಲ್ಲಿಯೂ ಸೆಪ್ಟೆಂಬರಿನಲ್ಲಿ ಅಥೆನ್ಸಿನಲ್ಲಿಯೂ ಭೂಕಂಪಗಳಾದಾಗ, ಒಬ್ಬರ ಅವಶೇಷಗಳಡಿಯಿಂದ ಜನರನ್ನು ಎತ್ತಲು ಇನ್ನೊಬ್ಬರು ಓಡಿಬಂದರು. ೨೦೦೩ರ ಏಪ್ರಿಲಿನಲ್ಲಿ ಸೈಪ್ರಸ್ಸಿನ ಗಡಿಗೆರೆಯಲ್ಲಿ ದಾಟುದಾರಿ ತೆರೆಯಿತು. ಮರುತಿಂಗಳಿನ ಪಂದ್ಯದಲ್ಲಿ, ಅದುವರೆಗೆ ತುರ್ಕಿಗೆ ಒಂದಂಕವನ್ನೂ ಕೊಡದಿದ್ದ ಸೈಪ್ರಸ್ ೮ ಅಂಕಗಳನ್ನು ಕೊಟ್ಟಿತು. ೨೦೦೫ರ ಮೇ ೨೧ರಂದು ಕೀವ್ ನಗರದಲ್ಲಿ ಗ್ರೀಸು ಮೊದಲ ಸಲ ಗೆದ್ದಿತು. ಹಾಡಿದವಳು ಸ್ವೀಡನ್ನಿನಲ್ಲಿ ಹುಟ್ಟಿ ಬೆಳೆದ ಗ್ರೀಕರ ಮಗಳು ಎಲೆನಾ ಪಪರಿಜೂ. ಒಟ್ಟು ೨೩೦ ಅಂಕಗಳು. ಆ ರಾತ್ರಿ ತುರ್ಕಿಯ ಜನರು ಗ್ರೀಸಿಗೆ ಕೊಟ್ಟದ್ದು ೧೨.

ಆ ಹಾಡು ಇಂಗ್ಲಿಷಿನಲ್ಲಿತ್ತು, ಪ್ರೇಮದ ಹಾಡಾಗಿತ್ತು. ಕೇಳಿದವರಿಂದ ಅದು ಯಾವ ಲೆಕ್ಕವನ್ನೂ ಕೇಳಲಿಲ್ಲ. ಅದಕ್ಕೆ ಹನ್ನೆರಡು ಕೊಡುವುದು ಸುಲಭವೆಂದು ಹೇಳಬಹುದು. ಆದರೂ ಇಪ್ಪತ್ತೊಂಬತ್ತು ವರ್ಷಗಳ ಹಿಂದೆ ಪರದೆಯನ್ನು ಮುಚ್ಚಿದ ಮನೆಗಳಿಂದಲೇ ಆ ಅಂಕಗಳು ಬಂದವು. ದ್ವೀಪವು ಮಾತ್ರ ಇಂದಿಗೂ ಎರಡಾಗಿಯೇ ಇದೆ. ತಿಮ್ಮಯ್ಯನವರು ನಡೆಸಿದ ಪಡೆಯವರು ಇಂದಿಗೂ ಗೆರೆಯ ನಡುವೆ ಕಾವಲು ನಿಂತಿದ್ದಾರೆ.